ಬ್ಯಾರನ್ನಿನಲ್ಲಿ ಬೆಂದ ಲೋವರ್ ಆರ್ಮು

ನಾನು ಮೂವತ್ತೆರಡು ವರ್ಷ ಪಿ.ಟಿ. ಮೇಷ್ಟ್ರಾಗಿದ್ದವನು. ಹುಡುಗ ಮೈದಾನದ ಆ ತುದಿಯಿಂದ ಕುಂಟುತ್ತಾ ಬರುವಾಗಲೇ ಅವನಿಗೆ ಪೆಟ್ಟಾಗಿರುವುದು ಮಂಡಿಗೋ, ಹಿಮ್ಮಡಿಗೋ, ಇಲ್ಲಾ ಬರೀ ಮನೆಗೆ ಬೇಗ ಹೋಗುವ ಆಸೆಗೋ ಅಂತ ಹೇಳಬಲ್ಲೆ. ಇಂಥ ನನಗೆ ಒಂದು ಕಾರಿನ ಕಾಯಿಲೆ ಕಂಡುಹಿಡಿಯುವುದು ಎಷ್ಟರ ಕೆಲಸ? ಅದಕ್ಕಿರುವುದು ನಾಲ್ಕೇ ಕಾಲು. ಅದಕ್ಕೆ ಸುಳ್ಳು ಹೇಳಲೂ ಬರುವುದಿಲ್ಲ. ಹೀಗಂದುಕೊಂಡೇ ನಾನು ಕೆಟ್ಟಿದ್ದು!

ನಮ್ಮ ಕಾರಿಗೆ ಹದಿನಾಲ್ಕು ವರ್ಷ. ಬಣ್ಣ ಬಿಳಿ, ಆರ್.ಸಿ. ಪುಸ್ತಕದ ಪ್ರಕಾರ. ನನ್ನ ಮಗಳು ರಮ್ಯ ಡ್ರೈವಿಂಗ್ ಕಲಿತದ್ದು ಇದರಲ್ಲೇ, ಮದುವೆಯಾಗಿ ಗಂಡನ ಮನೆಗೆ ಹೋದದ್ದೂ ಇದರಲ್ಲೇ. ಈಗ ಅವಳಿಗೆ ಏಳು ತಿಂಗಳು ತುಂಬಿತ್ತು. ಸೀಮಂತ ಮುಗಿದ ಮೇಲೆ ಚೊಚ್ಚಲ ಹೆರಿಗೆಗೆ ತವರಿಗೆ ಬರಬೇಕು. ಎರಡು ತಿಂಗಳಿಂದ ಫೋನಿನಲ್ಲಿ ಅವಳದು ಒಂದೇ ಮಾತು: "ಅಪ್ಪಾ, ನಮ್ಮ ಕಾರಲ್ಲೇ ಬಂದು ಕರ್ಕೊಂಡು ಹೋಗ್ಬೇಕು. ಬೇರೆ ಯಾವ ಗಾಡೀಲೂ ನಾನು ಹತ್ತಲ್ಲ."

ಸೀಮಂತಕ್ಕೆ ನಾವು ಗಂಡ ಹೆಂಡತಿ ಅದೇ ಕಾರಿನಲ್ಲಿ ಹೋದೆವು. ನಮ್ಮೂರು ಹುಣಸೂರಿನಿಂದ ಪಿರಿಯಾಪಟ್ಟಣಕ್ಕೆ ಹೋಗುವ ದಾರಿಯಲ್ಲಿ ಒಂದಿಷ್ಟು ಒಳಗೆ. ಬೀಗರ ಮನೆ ಎಚ್.ಡಿ. ಕೋಟೆ ಆಚೆ, ಅಂತರಸಂತೆ ಹತ್ತಿರ. ಅವರ ಗೇಟಿನ ಮುಂದೆ ರಸ್ತೆಗೆ ಅಡ್ಡಲಾಗಿ ಒಂದು ಹಂಪು ಇದೆ. ಊರಿನವರೇ ಕಲ್ಲು ಮಣ್ಣು ಸುರಿದು ಕಟ್ಟಿಕೊಂಡದ್ದು. ಅದನ್ನು ಹಂಪು ಅನ್ನುವುದಕ್ಕಿಂತ ಕೆರೆ ಏರಿ ಅನ್ನುವುದೇ ಸರಿ. ನಮ್ಮ ಕಾರು ಅದನ್ನು ಹತ್ತಿ ಇಳಿಯಿತು.

"ಕಟಕ್! ಕಟ-ಕಟಕ್!"

ಆರತಿ ತಟ್ಟೆ ಹಿಡಿದು ನಿಂತಿದ್ದ ಹೆಂಗಸರೆಲ್ಲ ತಿರುಗಿ ನೋಡಿದರು. ಊಟವಾದ ಮೇಲೆ ನಮ್ಮ ಬೀಗಿತ್ತಿ ಗೌರಮ್ಮನವರು ಎಲೆ ಅಡಿಕೆ ತಟ್ಟೆ ಮುಂದಿಟ್ಟುಕೊಂಡು ಎಲ್ಲರ ಎದುರಿಗೇ ಶುರು ಮಾಡಿದರು.

"ಬೀಗ್ರೇ, ಅದೇನು ನಿಮ್ ಗಾಡಿ ಮೂಳೆ ಮುರ್ದಂಗೆ ಸದ್ದು ಮಾಡ್ತದೆ? ಅದ್ರಲ್ಲಿ ನನ್ ಸೊಸೆ ಕಳಿಸಕಾಯ್ತದಾ? ಬುಡಿ, ನಾವೇ ಟ್ಯಾಕ್ಸಿ ಮಾಡ್ಸಿ ಕಳಿಸ್ತೀವಿ."

ರಮ್ಯ ನನ್ನ ಮುಖ ನೋಡಿದಳು. ಮಗಳನ್ನು ಬಾಣಂತನಕ್ಕೆ ಕರೆತರಲು ಅಪ್ಪನ ಕಾರು ನಾಲಾಯಕ್ಕು ಅಂತ ತುಂಬಿದ ಸಭೆಯಲ್ಲಿ ತೀರ್ಪಾಗುತ್ತಿದೆ! ಬಹುಮಾನ ವಿತರಣೆಯ ದಿನ ನಿಲ್ಲುವಂತೆ ಎದೆ ಮುಂದೆ ಮಾಡಿ ಎದ್ದು ನಿಂತೆ.

"ಬೀಗಿತ್ತಿಯವರೇ, ಈ ವಾರ ಬಿಟ್ಟು ಮುಂದಿನ ಗುರುವಾರ, ರಾಹುಕಾಲಕ್ಕೆ ಮೊದಲು, ಇದೇ ಕಾರಿನಲ್ಲಿ, ಒಂದೇ ಒಂದು ಸದ್ದಿಲ್ಲದೆ ನನ್ನ ಮಗಳನ್ನ ಕರ್ಕೊಂಡು ಹೋಗ್ತೀನಿ."

ಗೌರಮ್ಮನವರು ಎಲೆಗೆ ಸುಣ್ಣ ಸವರುತ್ತಾ ಯೋಚಿಸಿದರು. "ಆಗ್ಲಿ. ಒಂದ್ ಚೊಂಬು ನೀರು ಮಡ್ಲಲ್ಲಿ ಮಡಿಕಂಡು ನಾನೇ ಕೂತ್ಕತೀನಿ. ಈ ಹಂಪು ಮೂರು ಸಲ ದಾಟ್ಸಿ. ಸದ್ದು ಬರಬಾರ್ದು, ನೀರು ತುಳುಕಬಾರ್ದು. ಆಮ್ಯಾಕೆ ನೀವುಂಟು ನಿಮ್ ಮಗಳುಂಟು."

"ಒಂದು ತೊಟ್ಟೂ ತುಳುಕಲ್ಲ!" ಅಂದೆ. ಅಷ್ಟು ಹೇಳಿ ಅಂತ ನನ್ನನ್ನು ಯಾರೂ ಕೇಳಿರಲಿಲ್ಲ.

ಸೋಮವಾರ ಬೆಳಿಗ್ಗೆ ವೈದ್ಯಕೀಯ ತಪಾಸಣೆ ಇಟ್ಟುಕೊಂಡೆ. ರೋಗಿಯ ನಡಿಗೆಯನ್ನು ಪಕ್ಕದಿಂದ ನೋಡಬೇಕು, ಇದು ನನ್ನ ಪದ್ಧತಿ. ಹೆಂಡತಿ ಇಂದಿರಾಗೆ ಸ್ಟೀರಿಂಗ್ ಕೊಟ್ಟೆ. ಅವಳು ನನಗಿಂತ ಚೆನ್ನಾಗಿ ಓಡಿಸುತ್ತಾಳೆ, ಇದು ಮನೆಯೊಳಗಿನ ಮಾತು. ಶಾಲೆಯ ಮುಂದಿನ ಹಂಪಿನ ಮೇಲೆ ಅವಳು ನಿಧಾನವಾಗಿ ಕಾರು ಓಡಿಸುವುದು, ನಾನು ಸೊಂಟ ಬಗ್ಗಿಸಿ, ಮುಂದಿನ ಚಕ್ರಕ್ಕೆ ಕಿವಿ ಕೊಟ್ಟು ಪಕ್ಕದಲ್ಲೇ ಓಡುವುದು, ಕಟಕ್ ಅಂದ ಕೂಡಲೇ ಸೀಟಿ ಊದುವುದು. ಯೋಜನೆಯಲ್ಲಿ ಒಂದು ಲೋಪವೂ ಇರಲಿಲ್ಲ.

ಕಟಕ್! ನಾನು ಪೀ ಅಂತ ಊದಿದೆ. ಇಂದಿರಾ ಗಾಬರಿಯಾಗಿ ಬ್ರೇಕ್ ಒತ್ತಿದಳು. ಕಾರು ನಿಂತಿತು, ನಾನು ನಿಲ್ಲಲಿಲ್ಲ. ಹತ್ತು ಹೆಜ್ಜೆ ಮುಂದೆ ಹೋಗಿ ಬೇಲಿಗೆ ಬಿದ್ದೆ.

"ರೀ, ಸೀಟಿ ಊದಿದ್ರೆ ನಿಲ್ಲಿಸ್ಬೇಕೋ ಬೇಡ್ವೋ?"

"ಊದಿದ್ದು ನನ್ನ ನೆನಪಿಗೆ ಕಣೇ! ನೀನು ಹೋಗ್ತಾ ಇರು!"

ಎರಡನೇ ಸಲ ಊದಿದಾಗ ಇನ್ನೊಂದು ಅನಾಹುತವಾಯಿತು. ಶಾಲೆಯೊಳಗಿಂದ ಮಕ್ಕಳೆಲ್ಲ ದಬದಬ ಓಡಿಬಂದು ಅಂಗಳದಲ್ಲಿ ಸಾಲಾಗಿ ನಿಂತು, ಕೈ ಮುಂದೆ ಚಾಚಿ ಅಂತರ ತೆಗೆದುಕೊಂಡರು. ನಾನು ನಿವೃತ್ತನಾಗಿ ಎರಡು ವರ್ಷವಾಗಿದ್ದರೂ ನನ್ನ ಸೀಟಿಗೆ ಇನ್ನೂ ಆ ತೂಕ ಇದೆ. ಹೆಡ್‌ಮಾಸ್ಟರು ಗೇಟಿಗೆ ಬಂದು, ಒಳಗೆ ಕಿರುಪರೀಕ್ಷೆ ನಡೆಯುತ್ತಿದೆ, ದಯವಿಟ್ಟು ಬೇರೆ ಹಂಪು ನೋಡಿಕೊಳ್ಳಿ ಅಂತ ಕೈ ಮುಗಿದರು.

ಅಷ್ಟು ಹೊತ್ತಿಗೆ ಪಕ್ಕದ ಮನೆಯ ಪುಟ್ಟಸ್ವಾಮಿ ಬಂದಿದ್ದ. ಇವನು ನನ್ನ ಬಾಲ್ಯದ ಗೆಳೆಯ. ನಮ್ಮ ಕಡೆ ಎಲ್ಲರಂತೆ ಹೊಗೆಸೊಪ್ಪು ಬೆಳೆಗಾರ. ಮನೆ ಹಿಂದೆಯೇ ಅವನ ಬ್ಯಾರನ್ನು, ಅಂದರೆ ಸೊಪ್ಪನ್ನು ಕಡ್ಡಿಗಳಿಗೆ ಕಟ್ಟಿ ನೇತುಹಾಕಿ ಬಿಸಿಗಾಳಿಯಲ್ಲಿ ಬೇಯಿಸುವ ಎತ್ತರದ ಕೋಣೆ. ನಮ್ಮೂರಿನಲ್ಲಿ ಹೊಗೆಸೊಪ್ಪಿನ ಸಂಬಂಧವಿಲ್ಲದ ಕಟ್ಟಡಗಳು ಮೂರೇ: ದೇವಸ್ಥಾನ, ಶಾಲೆ ಮತ್ತು ನಮ್ಮ ಮನೆ. ತಂಬಾಕಿನ ಕೆಡುಕಿನ ಮೇಲೆ ಶಾಲೆಯಲ್ಲಿ ಪ್ರತಿ ವರ್ಷವೂ ಭಾಷಣ ಮಾಡುತ್ತಿದ್ದವನು ನಾನೇ. ಮಕ್ಕಳು ಜೋರಾಗಿ ಚಪ್ಪಾಳೆ ತಟ್ಟಿ, ಗಂಟೆ ಹೊಡೆದ ಕೂಡಲೇ ಸೊಪ್ಪು ಕಟ್ಟಲು ಮನೆಗೆ ಓಡುತ್ತಿದ್ದರು.

"ಮೇಷ್ಟ್ರೇ, ನೀವು ಊದದೂ ಬ್ಯಾಡ, ಓಡದೂ ಬ್ಯಾಡ. ಹುಣಸೂರ್ಗೆ ತಕಂಡೋಗಿ ಬಾಬಣ್ಣಂಗೆ ತೋರ್ಸಿ," ಅಂದ ಪುಟ್ಟಸ್ವಾಮಿ.

ಬಾಬಣ್ಣ ಹುಣಸೂರಿನ ಮೆಕ್ಯಾನಿಕ್ಕು. ಜಾಕ್ ಏರಿಸಿ, ಚಕ್ರದ ಹಿಂದೆ ಒಂದು ಸಣ್ಣ ಹಾರೆ ತೂರಿಸಿ ಮೀಟಿದ. ಕಟಕ್. ಆ ಕಡೆ ಮೀಟಿದ. ಕಟಕ್. ಅರ್ಧ ನಿಮಿಷವೂ ಹಿಡಿಯಲಿಲ್ಲ, ಸೀಟಿ ಬೇಕಾಗಲಿಲ್ಲ.

"ಎರಡೂ ಕಡೆ ಲೋವರ್ ಆರ್ಮ್ ಹೋಗಿದೆ ಸಾರ್," ಅಂದ. ಚಕ್ರವನ್ನು ಗಾಡಿಯ ಮೈಗೆ ಹಿಡಿದು ನಿಲ್ಲಿಸುವ ಕಬ್ಬಿಣದ ತೋಳು ಅದು. ಒಂದು ಕಡೆ ರಬ್ಬರ್ ಬುಶ್ಶುಗಳು, ಇನ್ನೊಂದು ತುದಿಯಲ್ಲಿ ಬಾಲ್ ಜಾಯಿಂಟು. ನಮ್ಮ ಬುಶ್ಶು ಹರಿದು ಚಿಂದಿಯಾಗಿತ್ತು, ಜಾಯಿಂಟು ಸಡಿಲವಾಗಿ ಕುಣಿಯುತ್ತಿತ್ತು. "ಬಿಟ್ಟೋಗಿ ಸಾರ್. ಕೆಲಸ ತುಂಬಾ ಇದೆ, ಶನಿವಾರ ಕೊಡ್ತೀನಿ."

ನಾನು ಬಗ್ಗಿ ನೋಡಿದೆ. ಆ ಕಡೆ ಮೂರು ಬೋಲ್ಟು, ಈ ಕಡೆ ಮೂರು ಬೋಲ್ಟು. ಇಷ್ಟಕ್ಕೆ ಶನಿವಾರ! ಮೂವತ್ತೆರಡು ವರ್ಷ ಎಷ್ಟು ಮಂಡಿಗಳಿಗೆ ಪಟ್ಟಿ ಕಟ್ಟಿದ್ದೀನಿ, ಎಷ್ಟು ಉಳುಕಿದ ಪಾದ ನೀವಿದ್ದೀನಿ! ಮಗಳು ಕೂರುವ ಕಾರು, ಅಪ್ಪನ ಕೈಯಿಂದಲೇ ಸರಿಯಾಗಲಿ ಅಂತ ಮನಸ್ಸು ಉಬ್ಬಿತು.

"ನಾನೇ ಹಾಕ್ಕೋತೀನಿ ಬಾಬಣ್ಣ."

ಅವನು ಕೈ ಒರೆಸಿಕೊಳ್ಳುತ್ತಾ ನನ್ನನ್ನು ಕೆಳಗಿನಿಂದ ಮೇಲಕ್ಕೆ ನೋಡಿದ. "ಬುಶ್ಶು ಪ್ರೆಸ್ ಮೆಷಿನ್ನಲ್ಲೇ ಒತ್ತಿ ಕೂರಿಸ್ಬೇಕು ಸಾರ್, ಸುತ್ತಿಗೇಲಿ ಬಡೀಬೇಡಿ. ಇನ್ನೊಂದು ಮುಖ್ಯ. ಬೋಲ್ಟು ಪೂರ್ತಿ ಬಿಗಿ ಮಾಡುವಾಗ ಗಾಡಿ..."

ನಾನು ಆಗಲೇ ಕಾರು ಸ್ಟಾರ್ಟ್ ಮಾಡಿದ್ದೆ. ಆ ವಾಕ್ಯದ ಉಳಿದರ್ಧ ನನ್ನ ಕಿವಿಗೆ ಬಿದ್ದದ್ದು ಎರಡು ವಾರದ ಮೇಲೆ.

ಮಾರನೆಯ ದಿನ ಬಸ್ಸು ಹತ್ತಿ ಕೆ.ಆರ್. ನಗರಕ್ಕೆ ಹೋದೆ. ಅಲ್ಲಿ ನನ್ನ ಹಳೆಯ ವಿದ್ಯಾರ್ಥಿಯೊಬ್ಬನ ಬಿಡಿಭಾಗದ ಅಂಗಡಿ ಇದೆ. ಆರ್ಮು ಬೇರೆ, ಬುಶ್ಶು ಬೇರೆ ಕೊಟ್ಟ. "ಯಾರ್ ಸಾರ್ ಹಾಕೋರು?" ಅಂತ ಕೇಳಿದ. "ನಾನೇ" ಅಂದೆ. ಪಾಪ, ಶಿಷ್ಯ. ತಲೆ ತಗ್ಗಿಸಿದ. ಗೌರವದಿಂದ ಅಂತ ನಾನು ತಿಳಿದುಕೊಂಡೆ.

ಬುಧವಾರ, ಗುರುವಾರ ಎರಡೂ ದಿನ ಬುಶ್ಶನ್ನು ಆರ್ಮಿನ ತೂತಿಗೆ ಕೂರಿಸುವ ಯುದ್ಧ. ಪ್ರೆಸ್ಸಿಗೆ ಅಂತ ಮತ್ತೆ ಹುಣಸೂರಿಗೆ ಹೋಗಿ ಬಾಬಣ್ಣನ ಮುಖ ನೋಡುವುದಕ್ಕೆ ಮನಸ್ಸಿರಲಿಲ್ಲ. ಕೈಯಲ್ಲಿ ಒತ್ತಿದೆ. ಒರಳುಕಲ್ಲಿನ ಮೇಲಿಟ್ಟು ಮೇಲೆ ನಿಂತೆ. ಕೊನೆಗೆ ಯಾವುದು ಬೇಡ ಅಂದಿದ್ದನೋ ಅದನ್ನೇ ಮಾಡಿದೆ, ಸುತ್ತಿಗೆ ಎತ್ತಿದೆ. ಬುಶ್ಶು ಟಪ್ ಅಂತ ಹಾರಿ ಅಡಿಗೆಮನೆ ಕಿಟಕಿಯಿಂದ ಒಳಗೆ ಹೋಗಿ ಹುಳಿಯ ಪಾತ್ರೆಗೆ ಬಿತ್ತು.

"ರೀ," ಅಂತ ಇಂದಿರಾ ಒಳಗಿಂದಲೇ ಕೂಗಿದಳು, "ಹುಳಿಗೆ ತರಕಾರಿ ಹಾಕಿ ಆಗಿದೆ!"

ಸೌಟಿನಲ್ಲಿ ಅದನ್ನು ಎತ್ತಿಕೊಟ್ಟು ಆಮೇಲೆ ಸಣ್ಣ ದನಿಯಲ್ಲಿ ಕೇಳಿದಳು, "ಟ್ಯಾಕ್ಸಿಗೇ ಹೇಳಿಬಿಡೋಣ್ವಾ? ಹುಡುಗಿ ಬಂದ್ರೆ ಸಾಕು."

"ಅವಳು ಕೇಳಿರೋದು ಅಪ್ಪನ ಕಾರು ಕಣೇ, ಟ್ಯಾಕ್ಸಿ ಅಲ್ಲ," ಅಂದೆ. ಅವಳು ಸೌಟು ತೊಳೆದುಕೊಂಡು ಒಲೆಯ ಕಡೆ ತಿರುಗಿದಳು. ಅವಳಿಗೂ ಅದೇ ಆಸೆ ಇತ್ತು.

ಈ ಹಂತದಲ್ಲಿ ಪುಟ್ಟಸ್ವಾಮಿಗೆ ಜ್ಞಾನೋದಯವಾಯಿತು. ಜಗಲಿ ಮೇಲೆ ಕೂತು, ಆರ್ಮನ್ನು ತಿರುಗಿಸಿ ಮುರುಗಿಸಿ ನೋಡಿ ಹೇಳಿದ: "ಮೇಷ್ಟ್ರೇ, ಎತ್ತಿನ ಗಾಡಿ ಗಾಲಿಗೆ ಕಬ್ಣದ ಪಟ್ಟಿ ಎಂಗಾಕೋರು? ಪಟ್ಟಿ ಕಾಯ್ಸೋರು, ಅದು ಅಗ್ಲ ಆಗೋದು, ಗಾಲಿಗೆ ಏರ್ಸಿ ನೀರುಯ್ಯೋರು. ಕಚ್ಕಂಡ್ರೆ ಮೊಮ್ಮಕ್ಕಳ ಕಾಲಕ್ಕೂ ಬುಡ್ತಿರ್ಲಿಲ್ಲ. ಇದೂ ಅಂಗೇಯ. ಆರ್ಮ್ ಕಾಯ್ಸಿ, ಬುಶ್ಶು ತಣ್ಣಗೆ ಮಾಡಿ."

ನನ್ನ ಮೈ ಜುಮ್ಮೆಂದಿತು. "ಒಲೇಲಿ ಹಾಕಿದ್ರೆ ಜಾಯಿಂಟಿನ ರಬ್ಬರ್ ಸುಟ್ಟೋಗುತ್ತಲ್ಲ ಪುಟ್ಸಾಮಿ?"

"ಒಲೆ ಯಾಕೆ? ನಂ ಬ್ಯಾರನ್ ಅದಲ್ಲ! ಬೆಂಕಿ ತಾಗಲ್ಲ, ಬರೀ ಬಿಸಿಗಾಳಿ. ಸೊಪ್ಪೇ ಸುಡಲ್ಲ ಅಂದ್ಮೇಲೆ ಕಬ್ಣ ಸುಟ್ಟಾತಾ?"

ನಾವಿಬ್ಬರೂ ಒಬ್ಬರನ್ನೊಬ್ಬರು ನೋಡಿದೆವು. ಇಡೀ ಹುಣಸೂರು ತಾಲ್ಲೂಕಿನಲ್ಲಿ ಇಂಥ ಯೋಚನೆ ಇದುವರೆಗೆ ಒಬ್ಬನಿಗೂ ಹೊಳೆದಿರಲಾರದು ಅಂತ ಹೆಮ್ಮೆಪಟ್ಟೆವು. ಯಾಕೆ ಹೊಳೆದಿರಲಿಲ್ಲ ಅಂತ ಯೋಚಿಸಲಿಲ್ಲ.

ಶುಕ್ರವಾರ ಕಾರನ್ನು ಅವನ ಬ್ಯಾರನ್ನಿನ ಪಕ್ಕದ ಶೆಡ್ಡಿಗೆ ತಂದು, ಕಲ್ಲುಗಳ ಮೇಲೆ ಏರಿಸಿ, ಹಳೆಯ ಆರ್ಮು ಬಿಚ್ಚಿದೆ. ಬಿಚ್ಚಲು ಆರು ಗಂಟೆ ಹಿಡಿಯಿತು, ಅದರ ವಿವರ ಬೇಡ. ಪುಟ್ಟಸ್ವಾಮಿ ಅಂದು ಬ್ಯಾರನ್ನಿಗೆ ಸೊಪ್ಪು ತುಂಬುತ್ತಿದ್ದ. ಹೊಸ ಆರ್ಮು ಎರಡನ್ನೂ ಬಾಗಿಲ ಹತ್ತಿರದ ಕೆಳಗಿನ ಕಡ್ಡಿಗೆ, ಹಸಿರು ಸೊಪ್ಪಿನ ನಡುವೆ, ಅದೇ ಹುರಿಯಲ್ಲಿ ಅದೇ ಗಂಟು ಹಾಕಿ ಕಟ್ಟಿದ. ಬಾಗಿಲು ಮುಚ್ಚಿ, ಸಂದಿಗೆಲ್ಲ ಗೋಣಿ ತುರುಕಿದ. ಇತ್ತ ನಾನು ಬುಶ್ಶುಗಳನ್ನು ನಮ್ಮ ಫ್ರಿಜ್ಜಿನ ಐಸ್ ತಟ್ಟೆಯಲ್ಲಿ ಮಲಗಿಸಿ ಬಂದೆ.

"ಎರಡು ಗಂಟೆ ಸಾಕಾ?" ಅಂತ ಕೇಳಿದೆ.

"ಯಾತಕ್ಕೆ?"

"ಬಾಗಿಲು ತೆಗೆಯೋದಕ್ಕೆ."

ಪುಟ್ಟಸ್ವಾಮಿ ನನ್ನನ್ನು ನೋಡಿದ ರೀತಿ ನಾನು ಸಾಯುವತನಕ ಮರೆಯಲ್ಲ. "ಬಾಗ್ಲಾ? ಈಗ ಸೊಪ್ಪು ಬಣ್ಣ ತಿರುಗೋ ಹೊತ್ತು ಕಣ್ರೀ! ಬಾಗ್ಲು ತೆಗುದ್ರೆ ಅಷ್ಟೂ ಕಪ್ಗಾಯ್ತದೆ. ಬುಧವಾರಗಂಟ ತೆಗೆಯಂಗಿಲ್ಲ."

"ಬುಧವಾರ! ನಾನು ಗುರುವಾರ ಹೊರಡಬೇಕು ಕಣಯ್ಯಾ!"

"ಅದ್ಕೇ ಬುಧವಾರ ಅಂದಿದ್ದು."

ಐದು ದಿನ! ಬ್ಯಾರನ್ನಿನ ಗೋಡೆಯಲ್ಲಿ ಒಳಗೆ ನೋಡಲು ಒಂದು ಗಾಜಿನ ಕಿಂಡಿ ಇದೆ. ಬೆಳಿಗ್ಗೆ ಸಂಜೆ ಹೋಗಿ ಅದಕ್ಕೆ ಮೂಗು ಒತ್ತಿ ನಿಲ್ಲುತ್ತಿದ್ದೆ. ಸೊಪ್ಪು ಹಸಿರಿನಿಂದ ಹಳದಿಗೆ, ಹಳದಿಯಿಂದ ಚಿನ್ನದ ಬಣ್ಣಕ್ಕೆ ತಿರುಗುತ್ತಿತ್ತು. ನನ್ನ ಆರ್ಮುಗಳು ಮಾತ್ರ ಕಪ್ಪಗೆ, ಶಾಂತವಾಗಿ ನೇತಾಡುತ್ತಿದ್ದವು. ರಮ್ಯ ಫೋನ್ ಮಾಡಿ, "ಅಪ್ಪಾ, ಕಾರು ರೆಡಿ ಆಯ್ತಾ?" ಅಂದಳು.

"ಬೇಯ್ತಾ ಇದೆ ಮಗಳೇ," ಅಂದೆ.

"ಏನು?"

"ಅನ್ನ. ಅನ್ನ ಬೇಯ್ತಾ ಇದೆ. ಕಾರು ರೆಡಿ."

ಬುಧವಾರ ಬ್ಯಾರನ್ನು ಅತಿ ಬಿಸಿಯಲ್ಲಿತ್ತು, ಸೊಪ್ಪಿನ ದಂಟು ಒಣಗಿಸುವ ಹೊತ್ತು. ಆಮೇಲೆ ಬಿಟ್ಟರೆ ಆರಿಹೋಗುತ್ತದೆ, ಈಗಲೇ ತೆಗೆಯಬೇಕು. ಪುಟ್ಟಸ್ವಾಮಿ ಒಂದು ಆಳು ತೂರುವಷ್ಟು ಮಾತ್ರ ಬಾಗಿಲು ತೆಗೆಯಲು ಒಪ್ಪಿದ, ಅದೂ ಇಪ್ಪತ್ತು ಎಣಿಸುವವರೆಗೆ. ನಾನು ತಲೆಗೆ ಒದ್ದೆ ಟವಲು ಸುತ್ತಿ, ಕೈಗೆ ಗೋಣಿ ಕಟ್ಟಿ, ಕುಡುಗೋಲು ಹಿಡಿದು ಓಟದ ಸ್ಪರ್ಧೆಯ ಭಂಗಿಯಲ್ಲಿ ನಿಂತೆ. ಸೀಟಿ ಅವನ ಕೈಗೆ ಕೊಟ್ಟಿದ್ದೆ. ಪೀ!

ಒಳಗಿನ ಬಿಸಿ ಏನು ಅಂತ ಹೇಳಲಿ? ಕಣ್ಣುರೆಪ್ಪೆ ಅಂಟಿಕೊಂಡಿತು. ಮೊದಲನೆಯದನ್ನು ಕತ್ತರಿಸಿ ಹೊರಗೆ ಎಸೆದೆ. ಎರಡನೆಯದು ಕಾಣಿಸಲೇ ಇಲ್ಲ, ತಡಕಾಡಿ ತಡಕಾಡಿ ಒಂದು ಕಡ್ಡಿ ಸೊಪ್ಪನ್ನೇ ಕತ್ತರಿಸಿ ಹೊರಗೆ ತಂದೆ. "ಅಯ್ಯೋ ನನ್ ಸೊಪ್ಪು!" ಅಂತ ಪುಟ್ಟಸ್ವಾಮಿ ಬಾಯಿ ಬಡಿದುಕೊಂಡ. ಮತ್ತೆ ನುಗ್ಗಿ ಎರಡನೆಯದನ್ನೂ ತಂದೆ. ಮೀಸೆ ಹದವಾಗಿ ಬೆಂದಿತ್ತು.

ಇಂದಿರಾ ಬುಶ್ಶುಗಳನ್ನು ಐಸ್ ಸಮೇತ ಸ್ಟೀಲ್ ಡಬ್ಬಿಯಲ್ಲಿ, ಮೇಲೊಂದು ಬಟ್ಟೆ ಮುಚ್ಚಿ ತಂದಳು. ಬಿಸಿ ಆರ್ಮಿಗೆ ತಣ್ಣನೆಯ ಬುಶ್ಶು ಇಟ್ಟು ಒಂದು ಮರದ ತುಂಡಿನಿಂದ ಒತ್ತಿದೆ. ಸುಯ್ಯಂತ ಒಳಗೆ ಕೂತಿತು! ನಾಲ್ಕೂ! ಪುಟ್ಟಸ್ವಾಮಿ ಸೊಪ್ಪಿನ ದುಃಖ ಮರೆತು ನನ್ನನ್ನು ಅಪ್ಪಿಕೊಂಡ. ನಾನು ಆ ಸಂಭ್ರಮದಲ್ಲಿ ಎರಡು ವಿಷಯ ಗಮನಿಸಲಿಲ್ಲ. ಒಂದು, ಬಾಲ್ ಜಾಯಿಂಟಿನ ರಬ್ಬರ್ ಟೋಪಿ ಐದು ದಿನ ಒಣಗಿ ಬಿರುಕು ಬಿಟ್ಟಿತ್ತು. ಎರಡು, ಅದರೊಳಗಿನ ಗ್ರೀಸು ಕರಗಿ ಪಕ್ಕದ ಸೊಪ್ಪಿನ ಮೇಲೆ ಸೋರಿತ್ತು. ಎರಡನೆಯದನ್ನು ಪುಟ್ಟಸ್ವಾಮಿ ಆಮೇಲೆ ಕಿಂಡಿಯಲ್ಲಿ ನೋಡಿ ಗಮನಿಸಿದ. "ನನ್ ಸೊಪ್ಗೆ ಗ್ರೀಸ್ ಒಗ್ರಣೆ ಆಕ್ಬುಟ್ರಲ್ಲ ಮೇಷ್ಟ್ರೇ!" ಅಂತ ಹಿತ್ತಲಲ್ಲಿ ಕೂಗಿದ್ದು ನಮ್ಮ ಮನೆಗೂ ಕೇಳಿಸಿತು.

ಕಲ್ಲುಗಳ ಮೇಲೆ ಕಾರು ಗಾಳಿಯಲ್ಲಿರುವಾಗಲೇ, ಚಕ್ರಗಳು ಜೋತಾಡುತ್ತಿರುವಾಗಲೇ ಆರ್ಮು ಕೂರಿಸಿ, ಬೋಲ್ಟುಗಳನ್ನು ಹಲ್ಲು ಕಚ್ಚಿ ಬಿಗಿ ಮಾಡಿದೆ. ಎಷ್ಟು ಬಿಗಿ ಅಂದರೆ ಕೊನೆಗೆ ಪಾನಾ ಮೇಲೆ ಹತ್ತಿ ನಿಂತೆ. ಕೆಳಗಿಳಿಸಿ ನಮ್ಮ ಶಾಲೆಯ ಹಂಪಿನ ಮೇಲೆ ಓಡಿಸಿದೆ. ಸದ್ದೇ ಇಲ್ಲ! ಇಂದಿರಾ ಕಣ್ಣು ಒರೆಸಿಕೊಂಡಳು. ಸಂತೋಷಕ್ಕೆ ಅಂದುಕೊಂಡೆ.

"ರೀ, ಒಳಗೆ ಹೊಗೆಸೊಪ್ಪಿನ ಘಾಟು! ಕಣ್ಣು ಉರೀತಿದೆ."

ವಿಚಾರಿಸಿದರೆ, ಕಾರು ಐದು ದಿನ ಸುಮ್ಮನೆ ನಿಂತಿದೆಯಲ್ಲ ಅಂತ ಪುಟ್ಟಸ್ವಾಮಿ ಹಿಂದಿನ ಸಲ ಬೇಯಿಸಿದ ಸೊಪ್ಪಿನ ಕಟ್ಟುಗಳನ್ನು ಹಿಂದಿನ ಸೀಟಿನ ಮೇಲೆ ಜೋಡಿಸಿಟ್ಟಿದ್ದನಂತೆ. "ಖಾಲಿ ಬಿದ್ದಿತ್ತಲ್ಲ ಮೇಷ್ಟ್ರೇ, ತಪ್ಪಾ?" ಅಂದ. ಗ್ರೀಸಿನ ಒಗ್ಗರಣೆ ನೆನಪಾಗಿ ನಾನು ತಪ್ಪಿಲ್ಲ ಅಂದೆ. ಅಂದು ಸಂಜೆಯೆಲ್ಲ ನಿಂಬೆಹಣ್ಣು, ಊದುಬತ್ತಿ, ಸೋಪಿನ ಪುಡಿ ಎಲ್ಲ ಪ್ರಯೋಗಿಸಿದೆವು. ಕೊನೆಗೆ ಕಾರು ಊದುಬತ್ತಿ ಹಚ್ಚಿದ ಬ್ಯಾರನ್ನಿನಂತೆ ನಾರಿತು.

ಗುರುವಾರ ಬೆಳಿಗ್ಗೆ ಹೊರಟೆವು. ಸದ್ದೇನೋ ಇರಲಿಲ್ಲ, ಆದರೆ ಕಾರು ಎಡಕ್ಕೆ ಎಳೆಯುತ್ತಿತ್ತು. ಎಡಗಡೆ ಕಂಡ ಪ್ರತಿ ಟೀ ಅಂಗಡಿಗೂ ನುಗ್ಗಲು ನೋಡುತ್ತಿತ್ತು.

"ರಸ್ತೆ ನೆಟ್ಟಗಿದೆ, ನೀವ್ಯಾಕೆ ಸ್ಟೀರಿಂಗ್ ಬಲಕ್ಕೆ ತಿರುಗಿಸ್ಕೊಂಡಿದ್ದೀರಿ?" ಅಂದಳು ಇಂದಿರಾ.

"ಕಾರು ನೆಟ್ಟಗೆ ಹೋಗ್ತಿದೆ ತಾನೇ? ಸುಮ್ನಿರು."

ಬೀಗರ ಮನೆ ಮುಂದೆ ಆಗಲೇ ಜನ ಸೇರಿದ್ದರು. ಗೌರಮ್ಮನವರು ಮಾತು ಮರೆಯುವವರಲ್ಲ. ಹಿತ್ತಾಳೆ ಚೊಂಬಿನ ಕಂಠದವರೆಗೆ ನೀರು ತುಂಬಿಕೊಂಡು ಬಂದು, ಹಿಂದಿನ ಸೀಟಿನಲ್ಲಿ ಕೂತು, ಮಡಿಲಲ್ಲಿ ಇಟ್ಟುಕೊಂಡು "ಊಂ" ಅಂದರು. ರಮ್ಯ ಗೇಟಿಗೆ ಒರಗಿ ನಿಂತಿದ್ದಳು, ಒಂದು ಕೈ ಹೊಟ್ಟೆಯ ಮೇಲೆ. ಬೆರಳು ಕಚ್ಚಿಕೊಂಡಿದ್ದಳು, ಚಿಕ್ಕಂದಿನಲ್ಲಿ ರಿಲೇ ಓಟ ನೋಡುವಾಗ ಹಾಗೇ ಮಾಡುತ್ತಿದ್ದಳು.

ಮೊದಲ ಸಲ. ಕಾರು ಏರಿತು, ಇಳಿಯಿತು. ಸದ್ದಿಲ್ಲ. ನೀರು ಅಲುಗಲಿಲ್ಲ. ಜನ "ಓ" ಅಂದರು.

ಎರಡನೇ ಸಲ. ಸದ್ದಿಲ್ಲ. ಹಿಂದಿನಿಂದ "ಉಸ್ಸ್, ಉಸ್ಸ್" ಅಂತ ಮೂಸುವ ಸದ್ದು ಮಾತ್ರ.

ಮೂರನೇ ಸಲ. ಚಕ್ರ ಇಳಿಯುತ್ತಿದ್ದಂತೆ ಬಲಗಡೆ ಒಂದು ಸಣ್ಣ "ಕಟ್..." ಶುರುವಾಯಿತು. ಯೋಚಿಸಲು ಸಮಯವಿರಲಿಲ್ಲ. ಇದ್ದಬದ್ದ ಶಕ್ತಿಯೆಲ್ಲ ಹಾಕಿ ಕೆಮ್ಮಿದೆ.

"ಖೊಕ್! ಖೊಕ್ ಖೊಕ್!"

ಕಾರಿನ ಸದ್ದು ನನ್ನ ಸದ್ದಿನಲ್ಲಿ ಮುಳುಗಿತು. ನೀರು ತುಳುಕಲಿಲ್ಲ. ನಾನು ಬೆವರು ಒರೆಸಿಕೊಂಡೆ. ಗೌರಮ್ಮನವರು ಇಳಿದು ಚೊಂಬಿನ ನೀರನ್ನು ತುಳಸಿಗೆ ಹಾಕಿ, ನನ್ನ ಹತ್ತಿರ ಬಂದು, ಯಾರಿಗೂ ಕೇಳಬಾರದೆಂದು ದನಿ ತಗ್ಗಿಸಿದರು. ಅವರ ತಗ್ಗಿದ ದನಿ ಮೂರನೇ ಮನೆಗೆ ಕೇಳಿಸುತ್ತದೆ.

"ಬೀಗ್ರೇ, ಗಾಡಿ ಪಾಸು. ನೀವು ಫೇಲು. ಒಳಗೆಲ್ಲ ಹೊಗೆಸೊಪ್ಪಿನ ವಾಸ್ನೆ, ಮ್ಯಾಕೆ ಆ ಕೆಮ್ಮು! ಯಾವಾಗಿಂದ ಬೀಡಿ ಸೇದ್ತಿದ್ದೀರಿ? ಉಟ್ಟೋ ಮಗೀಗೆ ಒಳ್ಳೇದಲ್ಲ, ಬುಟ್ಬುಡಿ."

ಮೂವತ್ತೆರಡು ವರ್ಷದ ನನ್ನ ಭಾಷಣಗಳು ಒಂದೊಂದಾಗಿ ಕಣ್ಣ ಮುಂದೆ ಬಂದವು. ಕಾಯಿಲೆ ನನ್ನದಲ್ಲ, ಕಾರಿನದು ಅಂತ ಬಾಯಿಯವರೆಗೆ ಬಂತು. ಅದನ್ನು ಹೇಳಿದರೆ ಟ್ಯಾಕ್ಸಿ ಬರುತ್ತದೆ. ಗೇಟಿನ ಹತ್ತಿರ ರಮ್ಯ ಆಗಲೇ ಬ್ಯಾಗು ಹಿಡಿದು ನಗುತ್ತಾ ನಿಂತಿದ್ದಳು.

"ಬಿಡ್ತೀನಿ ಬೀಗಿತ್ತಿಯವರೇ," ಅಂದೆ. "ಇವತ್ತಿಂದಲೇ."

ಎಲ್ಲ ಗಾಜುಗಳನ್ನೂ ಇಳಿಸಿ, ರಾಹುಕಾಲಕ್ಕೆ ಸಾಕಷ್ಟು ಮೊದಲೇ ಮಗಳನ್ನು ಕೂರಿಸಿಕೊಂಡು ಹೊರಟೆ. ನಡೆಯುವಷ್ಟು ನಿಧಾನವಾಗಿ ಓಡಿಸಿದೆ, ಸೈಕಲ್ಲುಗಳು ನಮ್ಮನ್ನು ದಾಟಿ ಹೋದವು. ಆದರೂ ಎಚ್.ಡಿ. ಕೋಟೆ ತಲುಪುವಷ್ಟರಲ್ಲಿ ಹೊಸ ಬುಶ್ಶು ಹಳೆಯ ಬುಶ್ಶಿನ ಭಾಷೆಯನ್ನು ಪೂರ್ತಿ ಕಲಿತಿತ್ತು. ಕಟಕ್, ಖೊಕ್! ಕಟಕ್, ಖೊಕ್ ಖೊಕ್! ಊರೂರಿಗೆ ಎರಡೆರಡು ಹಂಪು. ನನ್ನ ಗಂಟಲು ಹರಿದುಹೋಯಿತು. ಇಂದಿರಾ ಹಿಂದಿನಿಂದ ನೀರಿನ ಬಾಟಲಿ ಕೊಟ್ಟಳು, ಜೀರಿಗೆ ಪೆಪ್ಪರ್‌ಮೆಂಟು ಕೊಟ್ಟಳು.

ನಮ್ಮೂರಿನ ತಿರುವಿನಲ್ಲಿ ರಮ್ಯ ಮುಂದೆ ಬಗ್ಗಿ ನನ್ನ ಹೆಗಲ ಮೇಲೆ ಕೈ ಇಟ್ಟಳು. "ಅಪ್ಪಾ, ಇನ್ನು ಕೆಮ್ಮಬೇಡಿ. ಅತ್ತೆ ಮನೆ ಹಂಪಲ್ಲೇ ನಂಗೆ ಗೊತ್ತಾಯ್ತು. ಈ ಕಾರು ಓಡಿಸಿದೋಳು ನಾನು." ಆಮೇಲೆ ಆಳವಾಗಿ ಉಸಿರೆಳೆದುಕೊಂಡು, "ಪುಟ್ಸಾಮಿ ಮಾವನ ಬ್ಯಾರನ್ ವಾಸನೆ. ಮನೆಗೆ ಬಂದಂಗಾಯ್ತು," ಅಂದಳು. ಅಲ್ಲಿ ಹಂಪು ಇರಲಿಲ್ಲ. ಆದರೂ ನಾನು ಒಂದು ಸಲ ಕೆಮ್ಮಿದೆ.

ಸೋಮವಾರ ಬಾಬಣ್ಣ ಜಾಕ್ ಏರಿಸಿ, ಎರಡೂ ಚಕ್ರದ ಹಿಂದೆ ಹಾರೆ ತೂರಿಸಿ ನೋಡಿದ. ಆಮೇಲೆ ಅವತ್ತು ಅರ್ಧಕ್ಕೆ ನಿಂತಿದ್ದ ವಾಕ್ಯ ಮುಗಿಸಿದ. "...ಗಾಡಿ ನೆಲದ ಮೇಲಿರಬೇಕು ಸಾರ್. ಚಕ್ರ ಜೋತಾಡುವಾಗ ಬಿಗಿ ಮಾಡಿದ್ರೆ, ಇಳಿಸಿದ ಕೂಡ್ಲೇ ಬುಶ್ಶು ತಿರುಚಿ ಹರಿದೋಗುತ್ತೆ. ನೀವೇ ಮಂಡಿಗೆ ಪಟ್ಟಿ ಕಟ್ಟೋರಲ್ವಾ? ಕಾಲು ಮಡಚಿಸಿ ಬಿಗಿಯಾಗಿ ಕಟ್ಟಿದ್ರೆ ಹುಡುಗ ಕಾಲು ನೀಡಿದಾಗ ಏನಾಗುತ್ತೆ?" ಇದೇ ಪಾಠವನ್ನು ನಾನು ಮೂವತ್ತೆರಡು ವರ್ಷ ಹೇಳಿಕೊಟ್ಟಿದ್ದೆ. ಬಾಬಣ್ಣ ಬೇರೆ ಆರ್ಮು ಹಾಕಿ, ಚಕ್ರಗಳ ಅಲೈನ್‌ಮೆಂಟ್ ಮಾಡಿಸಿ ಮಧ್ಯಾಹ್ನದ ಊಟಕ್ಕೆ ಮೊದಲೇ ಕಾರು ಕೊಟ್ಟ. "ಒಂದು ಕೇಳ್ಲಾ ಸಾರ್? ಆರ್ಮಿಗೆ ಹುರಿ ಯಾಕೆ ಕಟ್ಟಿದ್ರಿ?" ಅಂದ. ಕೇಳಿಸದವನಂತೆ ಹೊರಟೆ.

ಈಗ ಕಾರು ಗುಣವಾಗಿದೆ. ಒಂದು ಸದ್ದಿಲ್ಲ. ಆದರೆ ಗೌರಮ್ಮನವರು ಬಸ್ಸಿನಲ್ಲಿ ಒಂದು ಚೀಲ ಆಡುಸೋಗೆ ಸೊಪ್ಪು ಕಳಿಸಿದ್ದಾರೆ. ಕೆಮ್ಮಿಗೆ ಅದರ ಕಷಾಯ ದಿನಕ್ಕೆ ಎರಡು ಹೊತ್ತು, ಮಗು ಹುಟ್ಟುವವರೆಗೆ ಬಿಡಬಾರದು ಅಂತ ಆಜ್ಞೆ. ಪ್ರತಿ ಸಂಜೆ ಫೋನ್ ಮಾಡಿ, "ಬೀಗ್ರು ಕುಡುದ್ರಾ?" ಅಂತ ಕೇಳುತ್ತಾರೆ. ಕೆಮ್ಮಿನ ನಿಜ ಹೇಳುವ ಹಾಗಿಲ್ಲ. ಹೆರಿಗೆಗೆ ಆಸ್ಪತ್ರೆಗೂ ಇದೇ ಕಾರಿನಲ್ಲಿ ಹೋಗಬೇಕು ಅಂತ ಮಗಳ ಆಸೆ. ಕುಡಿದೆ ಅಂತ ಸುಳ್ಳು ಹೇಳಿಬಿಡೋಣ ಅಂದರೆ ಇಂದಿರಾ ಒಪ್ಪುವುದಿಲ್ಲ, ಹುಳಿಯ ಪಾತ್ರೆಯನ್ನು ಅವಳಿನ್ನೂ ಮರೆತಿಲ್ಲ.

ಆ ಕಷಾಯದ ಕಹಿ ಕುಡಿದವರಿಗೇ ಗೊತ್ತು. ನಿನ್ನೆ ಸಂಜೆಯೂ ಮುಖ ಕಿವುಚಿ ಅರ್ಧ ಲೋಟ ಕುಡಿದು, ಉಳಿದದ್ದನ್ನು ಮೆಲ್ಲಗೆ ಗಿಡದ ಬುಡಕ್ಕೆ ಬಗ್ಗಿಸಲು ಹೋದೆ. ರಮ್ಯ ಹೊಟ್ಟೆ ಹಿಡಿದುಕೊಂಡು ಬಾಗಿಲಲ್ಲಿ ಬಂದು ನಿಂತಳು. ಕುತ್ತಿಗೆಯಲ್ಲಿ ನನ್ನದೇ ಸೀಟಿ!

ಪೀ!

ನಾನು ನೆಟ್ಟಗೆ ನಿಂತೆ.

"ಪೂರ್ತಿ ಕುಡೀಬೇಕು ಅಪ್ಪಾ," ಅಂದಳು. "ಒಂದು ತೊಟ್ಟೂ ತುಳುಕಬಾರದು!"